ಲಸಿಕೆಯಿಂದ ಹಾನಿಯಾದರೆ ತಯಾರಕನ ಹೊಣೆ ಎಷ್ಟು?



ಮಳೆಗಾಲ ಹತ್ತಿರ ಬಂತೆಂದರೆ ನಮ್ಮ ಉಮರ್ಗಾ, ನಿಲಂಗಾ, ಉದಗೀರ ತಾಲೂಕುಗಳ ಹಳ್ಳಿಗಳಲ್ಲಿ ದನಕರುಗಳಿಗೆ ಗಂಟಲು ಬೇನೆ, ಚಪ್ಪೆ ಬೇನೆಗಳ ಸೂಜಿ ಹಾಕಿಸುವ ಗಡಿಬಿಡಿ ಶುರುವಾಗುತ್ತದೆ. ಮನೆಯಲ್ಲಿ ಕೂಸು ಇದ್ದರೆ ಅದರ ಲಸಿಕೆಯ ಕಾರ್ಡು ಬೇರೆ ಹುಡುಕಬೇಕು. ಕೂಸಾಗಲಿ ಕರುವಾಗಲಿ, ಸೀಸೆಯ ಮೇಲೆ ಬರೆದದ್ದೇ ಸೀಸೆಯ ಒಳಗೂ ಇದೆ ಎಂದು ನಂಬಿ ನಾವು ಸೂಜಿ ಹಾಕಿಸುತ್ತೇವೆ. ಬಹುಪಾಲು ಆ ನಂಬಿಕೆ ಸುಳ್ಳಾಗುವುದಿಲ್ಲ. ಸಿಡುಬು ಹೋದದ್ದು, ಪೋಲಿಯೋ ಹೋದದ್ದು, ದನಗಳ ದೊಡ್ಡ ಮಾರಿಯಾದ ರಿಂಡರ್‌ಪೆಸ್ಟ್ 2011ರಲ್ಲಿ ಜಗತ್ತಿನಿಂದಲೇ ಹೋದದ್ದು ಲಸಿಕೆಯ ಬಲದಿಂದಲೇ. ಈ ಮಾತನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಮುಂದೆ ಬರೆಯುವುದನ್ನು ಓದಿ ಯಾರೂ ಲಸಿಕೆ ಬೇಡವೆಂದು ಮನೆಯಲ್ಲಿ ಕೂಡಬಾರದು.

ಆದರೂ ಎಲ್ಲೋ ಒಮ್ಮೆ ಸೀಸೆಯಲ್ಲೇ ದೋಷವಿದ್ದು ಮೈಗೆ ಹಾನಿಯಾದರೆ? ನಮ್ಮ ಕಡೆಯ ಒಂದು ಕುಟುಂಬದವರು ಅಂಗಡಿಯಿಂದ ಲಸಿಕೆ ತಂದು ಆಡುಗಳಿಗೆ ಹಾಕಿಸಿದರು. ಎರಡನೆಯ ದಿನ ಸಂಜೆಯೊಳಗೆ ಮೂರು ಆಡು ಸತ್ತವು. ರಾತ್ರಿಯೇ ಹೊಲದ ಬದುವಿನಲ್ಲಿ ಹೂಳಿದರು, ಸೀಸೆಯನ್ನು ತಿಪ್ಪೆಗೆ ಎಸೆದರು. ನಾಲ್ಕು ದಿನ ಬಿಟ್ಟು ಬಂದು, "ಫಾದರ್, ಕಂಪನಿ ಮ್ಯಾಲ ಕೇಸ್ ಹಾಕ್ಲಾಕ್ ಬರ್ತದೇನ್ರಿ?" ಎಂದು ಕೇಳಿದರು. ಕಾಯಿದೆಯ ಪ್ರಕಾರ ಬರುತ್ತದೆ. ಆದರೆ ಆ ಆಡುಗಳು ಯಾವುದರಿಂದ ಸತ್ತವೆಂದು ಈಗ ಯಾರೂ ಹೇಳಲಾರರು. ಲಸಿಕೆಯಿಂದಲೇ ಸತ್ತವೋ, ಮೊದಲೇ ಒಳಗೆ ರೋಗವಿತ್ತೋ, ಎಳೆ ಜೋಳದ ಸೊಪ್ಪು ತಿಂದು ಸತ್ತವೋ, ಯಾವುದಕ್ಕೂ ಸಾಕ್ಷಿ ಉಳಿದಿಲ್ಲ. ಕಾಯಿದೆ ರೈತನ ಪರವಾಗಿ ಎಷ್ಟು ದೂರ ಬಂದಿದೆ, ಅಲ್ಲಿಂದ ಮುಂದೆ ರೈತ ತಾನೇ ಏನು ಮಾಡಬೇಕು ಎಂಬುದನ್ನು ಈ ಸಲ ಸ್ವಲ್ಪ ವಿವರವಾಗಿ ನೋಡೋಣ.

ತಪ್ಪಿಲ್ಲದೆಯೂ ಹೊಣೆ

ಹಿಂದಿನ ಕಾಲದ ನ್ಯಾಯ ಹೀಗಿತ್ತು. ನಿನಗೆ ಹಾನಿಯಾಗಿದೆಯೇ? ಹಾಗಾದರೆ ಮಾಡಿದವನ ನಿಷ್ಕಾಳಜಿಯನ್ನು ನೀನೇ ಸಿದ್ಧ ಮಾಡಿ ತೋರಿಸು. ಕೇಳಲು ಸರಿಯೇ. ಆದರೆ ಕಾರಖಾನೆಯೊಳಗೆ ಯಾವ ಪಾತ್ರೆಯನ್ನು ಯಾರು ಸರಿಯಾಗಿ ತೊಳೆಯಲಿಲ್ಲ, ಯಾವ ದಿನ ಯಾವ ಪರೀಕ್ಷೆ ಬಿಟ್ಟುಹೋಯಿತು ಎಂಬುದು ಉಮರ್ಗಾದ ರೈತನಿಗೆ ಹೇಗೆ ತಿಳಿದೀತು? ತಿಳಿದವನು ಕಂಪನಿಯವನು ಒಬ್ಬನೇ, ಅವನು ಹೇಳುವುದಿಲ್ಲ.

ಈ ಕಟ್ಟನ್ನು ಬಿಡಿಸಿದ್ದು ಲಸಿಕೆಯದೇ ಒಂದು ಪ್ರಕರಣ. 1955ರ ಏಪ್ರಿಲ್ 12ರಂದು ಅಮೇರಿಕದಲ್ಲಿ ಡಾ. ಜೋನಸ್ ಸಾಲ್ಕ್ ಅವರ ಪೋಲಿಯೋ ಲಸಿಕೆ ಗುಣಕಾರಿ ಎಂದು ಸಾರಲಾಯಿತು. ಜನ ಬೀದಿಗೆ ಬಂದು ಸಂತೋಷಪಟ್ಟರು. ಅದೇ ದಿನ ಕಂಪನಿಗಳಿಗೆ ಪರವಾನಗಿ ದೊರೆಯಿತು. ಪೋಲಿಯೋ ವಿಷಾಣುವನ್ನು ಫಾರ್ಮಾಲಿನ್‌ನಲ್ಲಿ ಪೂರ್ತಿ ಸಾಯಿಸಿ ಈ ಲಸಿಕೆ ಮಾಡುತ್ತಿದ್ದರು. ಕ್ಯಾಲಿಫೋರ್ನಿಯಾದ ಕಟರ್ ಎಂಬ ಕಂಪನಿಯ ಕೆಲವು ಘಾಣಗಳಲ್ಲಿ ವಿಷಾಣು ಪೂರ್ತಿ ಸಾಯದೆ ಜೀವಂತ ಉಳಿದಿತ್ತು. ರೋಗ ತಡೆಯಬೇಕಾದ ಸೂಜಿಯೇ ರೋಗವನ್ನು ಹೊತ್ತು ತಂದಿತು. ಸುಮಾರು 40,000 ಮಕ್ಕಳಿಗೆ ಪೋಲಿಯೋ ತಗಲಿತು. ಹೆಚ್ಚಿನವರಿಗೆ ಜ್ವರ, ತಲೆನೋವಿನಷ್ಟಕ್ಕೆ ಹೋಯಿತು, ಆದರೆ ಸುಮಾರು 200 ಮಂದಿಗೆ ಕಡಿಮೆ ಹೆಚ್ಚು ಪಾರ್ಶ್ವವಾಯು ಉಳಿಯಿತು, 10 ಮಂದಿ ಸತ್ತರು. ಆ ತಿಂಗಳು ಮುಗಿಯುವ ಮೊದಲೇ ಕಟರ್ ಲಸಿಕೆಯನ್ನು ಹಿಂದಕ್ಕೆ ತೆಗೆದುಕೊಂಡರು.

ಕಾಲು ಹೋದ ಮಕ್ಕಳ ತಂದೆತಾಯಿಗಳು ಕೋರ್ಟಿಗೆ ಹೋದರು. ಕಾನೂನಿನ ಪುಸ್ತಕಗಳಲ್ಲಿ ಇದು ಗಾಟ್ಸ್‌ಡ್ಯಾಂಕರ್ ಪ್ರಕರಣವೆಂದೇ ಹೆಸರಾಗಿದೆ. 1958ರಲ್ಲಿ ಜ್ಯೂರಿ, ಅಂದರೆ ಪಂಚರ ಹಾಗೆ ಕುಳಿತು ತೀರ್ಪು ಕೊಡುವ ಸಾಮಾನ್ಯ ಜನ, ಒಂದು ವಿಚಿತ್ರವಾದ ಮಾತು ಹೇಳಿದರು. ಅಂದಿನ ತಿಳುವಳಿಕೆಯ ಪ್ರಕಾರ ಕಂಪನಿ ನಿಷ್ಕಾಳಜಿ ಮಾಡಿಲ್ಲ. ಆದರೂ ಅದು ಪರಿಹಾರ ಕೊಡಲೇಬೇಕು. ಕಾರಣ, ಮಾರಿದ ಸರಕಿನ ಹಿಂದೆ ಬರೆಯದ ಒಂದು ಭರವಸೆ ಇರುತ್ತದೆ, ಅದು ಮುರಿದಿದೆ. ಪರಿಹಾರ ಸುಮಾರು ಒಂದೂವರೆ ಲಕ್ಷ ಡಾಲರ್ ಎಂದು ಗೊತ್ತಾಯಿತು. 1960ರಲ್ಲಿ ಮೇಲಿನ ಕೋರ್ಟೂ ಇದನ್ನು ಎತ್ತಿ ಹಿಡಿಯಿತು.

ನಮ್ಮ ರೀತಿಯಲ್ಲಿ ಹೇಳುವುದಾದರೆ, ಸಂತೆಯಲ್ಲಿ ಬಾವಿಯ ಹಗ್ಗ ಕೊಳ್ಳುವವನು "ಇದು ಕೊಡದ ಭಾರಕ್ಕೆ ಹರಿಯುವುದಿಲ್ಲ" ಎಂದು ಕರಾರುಪತ್ರ ಬರೆಸಿಕೊಳ್ಳುವುದಿಲ್ಲ. ಬಾವಿಯ ಹಗ್ಗವೆಂದು ಮಾರಿದ ಮೇಲೆ ಆ ಮಾತು ಅದರಲ್ಲೇ ಬಂತು. ಹಗ್ಗ ಹೊಸೆದವನು ಮೈಯೆಲ್ಲ ಕಣ್ಣಾಗಿ ಹೊಸೆದಿದ್ದರೂ ಹರಿದ ಹಗ್ಗ ಹರಿದ ಹಗ್ಗವೇ.

ನಮ್ಮ ದೇಶದಲ್ಲಿ ಈ ತತ್ವ ಸ್ಪಷ್ಟವಾದ ಅಕ್ಷರಗಳಲ್ಲಿ ಬರಲು ಬಹಳ ತಡವಾಯಿತು. 1986ರ ಗ್ರಾಹಕ ಕಾಯಿದೆಯಲ್ಲಿ ದೋಷವಿರುವ ಸರಕಿನ ಮೇಲೆ ತಕರಾರು ಮಾಡುವ ಹಕ್ಕು ಇತ್ತು, ತಯಾರಕನ ಹೊಣೆ ಎಂಬ ಬೇರೆ ಅಧ್ಯಾಯ ಇರಲಿಲ್ಲ. ಅದರ ಜಾಗಕ್ಕೆ 2019ರ ಗ್ರಾಹಕ ಸಂರಕ್ಷಣಾ ಕಾಯಿದೆ ಬಂದು, 2020ರ ಜುಲೈಯಲ್ಲಿ ಜಾರಿಯಾಯಿತು. ಅದರ ಆರನೆಯ ಅಧ್ಯಾಯ ಪೂರ್ತಿ ಇದೇ ವಿಷಯದ್ದು. 84ನೆಯ ಕಲಮು ತಯಾರಕ ಯಾವಾಗ ಹೊಣೆಗಾರ ಎಂದು ಹೇಳುತ್ತದೆ. ತಯಾರಿಕೆಯಲ್ಲಿ ದೋಷವಿದ್ದರೆ, ವಸ್ತುವಿನ ರಚನೆಯೇ ದೋಷದ್ದಾಗಿದ್ದರೆ, ಗೊತ್ತುಮಾಡಿದ ಅಳತೆ-ಪ್ರಮಾಣ ಬಿಟ್ಟು ಮಾಡಿದ್ದರೆ, ಬಾಯಿಬಿಟ್ಟು ಕೊಟ್ಟ ಭರವಸೆಗೆ ಸರಿಹೋಗದಿದ್ದರೆ, ಅಥವಾ ಹೇಗೆ ಬಳಸಬೇಕು, ಏನು ಅಪಾಯವಿದೆ ಎಂಬ ಸಾಕಷ್ಟು ಸೂಚನೆ ಕೊಡದಿದ್ದರೆ ಅವನು ಹೊಣೆ. ಇದರ ಜೊತೆಗೆ, ತಾನು ಕೊಟ್ಟ ಭರವಸೆಯಲ್ಲಿ ನಿಷ್ಕಾಳಜಿಯಾಗಲಿ ಮೋಸವಾಗಲಿ ಇರಲಿಲ್ಲವೆಂದು ತೋರಿಸಿಕೊಟ್ಟರೂ ತಯಾರಕ ಪಾರಾಗುವುದಿಲ್ಲ ಎಂದು ಕಾಯಿದೆ ಹೇಳುತ್ತದೆ. ಇಲ್ಲಿ ಒಂದು ವಿಷಯ ಮರೆಯಬಾರದು. ನಿಷ್ಕಾಳಜಿಯನ್ನು ಸಿದ್ಧಪಡಿಸುವ ಭಾರ ಇಳಿದಿರಬಹುದು, ದೋಷ ಇತ್ತು, ಆ ದೋಷದಿಂದಲೇ ಹಾನಿಯಾಯಿತು ಎಂದು ತೋರಿಸುವ ಭಾರ ತಕರಾರುದಾರನ ಮೇಲೇ ಇದೆ.

ದೋಷ ಎಂದರೆ ಯಾವುದು?

ಲಸಿಕೆಯ ಎಲ್ಲ ತೊಂದರೆಯೂ ದೋಷವಲ್ಲ. ಕೂಸಿನ ತೋಳಿನಲ್ಲಿ ಬಿಸಿಜಿ ಹುಣ್ಣಾಗಿ ಕಲೆ ಉಳಿಯುತ್ತದೆ, ಅದು ಲಸಿಕೆ ಹಿಡಿದ ಗುರುತು. ಕಾಲುಬಾಯಿ ಬೇನೆಯ ಸೂಜಿ ಹಾಕಿದ ಜಾಗದಲ್ಲಿ ಆಕಳಿಗೆ ಬಾವು ಬರುವುದುಂಟು, ಎರಡು ದಿನ ಹಾಲು ಕಡಿಮೆಯಾಗುವುದುಂಟು. ಲಕ್ಷದಲ್ಲಿ ಎಲ್ಲೋ ಒಂದು ಮೈಗೆ ಯಾವ ಔಷಧವೂ ಒಗ್ಗದೆ ನಿಮಿಷಗಳಲ್ಲೇ ಉಸಿರು ಕಟ್ಟುವುದುಂಟು. ಅದಕ್ಕಾಗಿಯೇ ಸೂಜಿ ಹಾಕಿಸಿದ ಮೇಲೆ ಅರ್ಧ ತಾಸು ದವಾಖಾನೆಯಲ್ಲಿ ಕೂಡಿಸುತ್ತಾರೆ. ಇವು ಮೊದಲೇ ತಿಳಿದ, ಚೀಟಿಯಲ್ಲಿ ಬರೆದ ಅಡ್ಡಪರಿಣಾಮಗಳು. ಇಂಥವುಗಳ ಮೇಲೆ ಕಂಪನಿಯನ್ನು ದೋಷದ ಹೆಸರಿನಲ್ಲಿ ಹಿಡಿಯುವುದು ಕಷ್ಟ.

ತಯಾರಿಕೆಯ ದೋಷಕ್ಕೆ ನಮ್ಮ ರಾಜ್ಯವನ್ನೂ ತಟ್ಟಿದ ಉದಾಹರಣೆ ಇದೆ. ಪೋಲಿಯೋ ವಿಷಾಣುವಿನಲ್ಲಿ ಮೂರು ಜಾತಿ. ಎರಡನೆಯ ಜಾತಿ ಜಗತ್ತಿನಿಂದ ಹೋಗಿದೆಯೆಂದು ಖಾತ್ರಿಯಾದ ಮೇಲೆ, 2016ರ ಏಪ್ರಿಲ್‌ನಲ್ಲಿ ಅದನ್ನು ಬಾಯಿಗೆ ಹಾಕುವ ಹನಿಯಿಂದ ತೆಗೆದುಹಾಕಿದರು. ಇದ್ದ ದಾಸ್ತಾನನ್ನು ನಾಶ ಮಾಡಲು ಅಪ್ಪಣೆಯಾಯಿತು. ಹೀಗಿರಲಾಗಿ 2018ರಲ್ಲಿ ಉತ್ತರ ಪ್ರದೇಶದಲ್ಲಿ ಮಕ್ಕಳ ಮಲದ ಪರೀಕ್ಷೆಯಲ್ಲಿ ಎರಡನೆಯ ಜಾತಿಯ ಲಸಿಕೆ ವಿಷಾಣು ಕಾಣಿಸಿತು. ಎಲ್ಲಿಂದ ಬಂತೆಂದು ಹುಡುಕಿದರೆ ಗಾಜಿಯಾಬಾದಿನ ಬಯೋಮೆಡ್ ಕಂಪನಿಯ ಹನಿಗಳಲ್ಲಿ ಅದು ಬೆರೆತಿತ್ತು. ಆ ಲಸಿಕೆ ಉತ್ತರ ಪ್ರದೇಶ, ತೆಲಂಗಾಣಗಳ ಜೊತೆಗೆ ನಮ್ಮ ಮಹಾರಾಷ್ಟ್ರಕ್ಕೂ ಬಂದಿತ್ತು. ಸರ್ಕಾರ ಕಂಪನಿಯ ತಯಾರಿಕೆಯನ್ನು ನಿಲ್ಲಿಸಿತು, ಪೋಲೀಸ್ ಕೇಸು ಹಾಕಿತು, ಕಂಪನಿಯ ಮುಖ್ಯಸ್ಥರನ್ನು ಬಂಧಿಸಲಾಯಿತು. ಮಕ್ಕಳಿಗೆ ಅಪಾಯ ತೀರ ಕಡಿಮೆ ಎಂದು ಅಧಿಕಾರಿಗಳು ಹೇಳಿದರು. ಇಲ್ಲಿ ನನಗೆ ಮುಖ್ಯವಾಗಿ ಕಾಣುವುದು, ಯಾವ ಘಾಣ, ಯಾವ ಸೀಸೆ, ಯಾವ ಜಿಲ್ಲೆ ಎಂದು ಹಿಂದಕ್ಕೆ ಹೋಗಲು ಸಾಧ್ಯವಾದದ್ದು. ಅದು ಸಾಧ್ಯವಾದದ್ದು ಬ್ಯಾಚ್ ನಂಬರಿನಿಂದ.

ರಚನೆಯ ದೋಷ ಇದಕ್ಕಿಂತ ಬೇರೆ. ಇದರಲ್ಲಿ ಕಂಪನಿ ಹೇಳಿದ ಪ್ರಕಾರವೇ ಮಾಡಿರುತ್ತದೆ, ಆದರೆ ಹೇಳಿದ ವಿಧಾನವೇ ಅಪಾಯದ್ದಾಗಿರುತ್ತದೆ. ನಾಯಿ ಕಚ್ಚಿದರೆ ಹೊಟ್ಟೆಗೆ ಹದಿನಾಲ್ಕು ಸೂಜಿ ಎಂಬ ಮಾತು ನಮ್ಮ ವಯಸ್ಸಿನವರಿಗೆ ನೆನಪಿದೆ. ಆ ಲಸಿಕೆಯನ್ನು ಡೇವಿಡ್ ಸೆಂಪಲ್ ಎಂಬ ವೈದ್ಯಾಧಿಕಾರಿ 1911ರಲ್ಲಿ ಕಸೌಲಿಯಲ್ಲಿ ಸಿದ್ಧಮಾಡಿದ್ದರು. ರೇಬೀಸ್ ವಿಷಾಣುವನ್ನು ಕುರಿಯ ಮಿದುಳಿನಲ್ಲಿ ಬೆಳೆಸಿ, ಫಿನಾಲ್ ಹಾಕಿ ಸಾಯಿಸಿ, ಆ ಮಿದುಳನ್ನೇ ಅರೆದು ಕೊಡುತ್ತಿದ್ದರು. ಲೆಕ್ಕವಿಲ್ಲದಷ್ಟು ಜನರ ಜೀವ ಅದರಿಂದ ಉಳಿಯಿತು. ಆದರೆ ಕುರಿಯ ಮಿದುಳಿನ ಅಂಶ ನಮ್ಮ ಮೈಗೆ ಹೋದಾಗ, ಮೈ ಅದರ ವಿರುದ್ಧ ಎದ್ದು ತನ್ನದೇ ನರಗಳನ್ನು ತಿನ್ನುವುದುಂಟು. ಹಾಗೆ ಕೆಲವರಿಗೆ ಕಾಲು ಬಿದ್ದುಹೋಯಿತು, ಕೆಲವರು ಸತ್ತರು. ಸೀಸೆಯಲ್ಲಿ ಕಲಬೆರಕೆಯೇನೂ ಇರಲಿಲ್ಲ. ಎಷ್ಟು ಶುದ್ಧವಾಗಿ ಮಾಡಿದರೂ ಆ ಅಪಾಯ ಅದರ ಹೊಟ್ಟೆಯಲ್ಲೇ ಇತ್ತು. ಅಂಗಾಂಶ ಕೃಷಿಯಿಂದ ಮಾಡಿದ ಸುರಕ್ಷಿತ ಲಸಿಕೆ ಬಂದು ವರ್ಷಗಳು ಕಳೆದ ಮೇಲೂ ಬಡವರಿಗೆ ಹಳೆಯದೇ ಸಿಗುತ್ತಿತ್ತು. 2004ರ ಕೊನೆಗೆ ನಮ್ಮ ದೇಶ ಅದರ ತಯಾರಿಕೆಯನ್ನು ನಿಲ್ಲಿಸಿತು. ಅದನ್ನು ಮಾಡುತ್ತಿದ್ದವು ಬಹುಪಾಲು ಸರ್ಕಾರದ ಸಂಸ್ಥೆಗಳೇ. ಆ ಕಾಲು ಹೋದವರ ಲೆಕ್ಕವನ್ನು ಯಾರ ಬಾಗಿಲಿಗೆ ಒಯ್ಯಬೇಕೆಂಬುದಕ್ಕೆ ಅಂದು ಒಂದು ಬಾಗಿಲೂ ಇರಲಿಲ್ಲ. ಈಗ ನಾಯಿ ಕಚ್ಚಿದರೆ ಹೊಟ್ಟೆಗೆ ಸೂಜಿ ಇಲ್ಲ. ತೋಳಿಗೆ ನಾಲ್ಕೈದು ಸಲ ಹಾಕುತ್ತಾರೆ, ಮಿದುಳಿನ ಅಂಶ ಅದರಲ್ಲಿಲ್ಲ. ಗಾಯವನ್ನು ಕೂಡಲೇ ಸಾಬೂನು ಹಚ್ಚಿ ಹರಿಯುವ ನೀರಿನಲ್ಲಿ ಹದಿನೈದು ನಿಮಿಷ ತೊಳೆದು ಅಂಜದೆ ದವಾಖಾನೆಗೆ ಹೋಗಬೇಕು.

ಮೂರನೆಯದು ಸೂಚನೆಯ ಕೊರತೆ. ಆಕಳು, ಎಮ್ಮೆ ಕಂದು ಹಾಕುವ ಬ್ರುಸೆಲ್ಲಾ ರೋಗಕ್ಕೆ ಕೊಡುವ ಎಸ್-19 ಲಸಿಕೆಯನ್ನೇ ನೋಡಿರಿ. ಅದರಲ್ಲಿರುವುದು ಶಕ್ತಿ ಕುಂದಿಸಿದ ಜೀವಂತ ರೋಗಾಣು. ನಾಲ್ಕರಿಂದ ಎಂಟು ತಿಂಗಳ ಹೆಣ್ಣು ಕರುವಿಗೆ ಮಾತ್ರ ಅದನ್ನು ಹಾಕಬೇಕು. ಹೋರಿಗೂ ಗಬ್ಬದ ಆಕಳಿಗೂ ಹಾಕುವಂತಿಲ್ಲ. ಹಾಕುವವನ ಕೈಗೆ ಸೂಜಿ ಚುಚ್ಚಿದರೆ, ಕಣ್ಣಿಗೆ ಹನಿ ಸಿಡಿದರೆ ಅವನಿಗೇ ತಿಂಗಳುಗಟ್ಟಲೆ ಬಿಟ್ಟು ಬಿಟ್ಟು ಬರುವ ಜ್ವರ ಹತ್ತಬಹುದು. ಇದೆಲ್ಲ ಚೀಟಿಯಲ್ಲಿ ಇಲ್ಲದಿದ್ದರೆ ತಯಾರಕ ಹೊಣೆ. ಆದರೆ ಕಾಯಿದೆಯ 87ನೆಯ ಕಲಮು ಅವನಿಗೆ ಒಂದು ಕಿಂಡಿಯನ್ನೂ ಬಿಟ್ಟಿದೆ. ತಜ್ಞರ ಕೈಯಿಂದಲೇ ಬಳಸಬೇಕಾದ ವಸ್ತುವಾದರೆ, ಆ ತಜ್ಞನಿಗೆ ಸೂಚನೆ ಮುಟ್ಟಿಸಿದರೆ ಸಾಕು, ನಿಮಗೆ ನೇರವಾಗಿ ಹೇಳಬೇಕಾಗಿಲ್ಲ. ಆದಕಾರಣ ಡಾಕ್ಟರರಿಗೆ "ಸಾಹೇಬರೇ, ಚೀಟಿಯಲ್ಲಿ ಏನು ಬರೆದಿದೆ ಸ್ವಲ್ಪ ಹೇಳಿರಿ" ಎಂದು ಕೇಳಲು ಸಂಕೋಚಪಡಬೇಡಿರಿ. ಅವರು ಸಿಟ್ಟಾದರೂ ಚಿಂತೆಯಿಲ್ಲ.

ತಯಾರಕನದಲ್ಲದ ತಪ್ಪು

ಎಲ್ಲ ತಪ್ಪನ್ನೂ ಕಂಪನಿಯ ತಲೆಗೆ ಕಟ್ಟುವುದೂ ಅನ್ಯಾಯವೇ. ಇದಕ್ಕೆ ನಮ್ಮ ದೇಶದ್ದೇ ಹಳೆಯ ಕಥೆ ಇದೆ. 1896ರಲ್ಲಿ ಮುಂಬಯಿಗೆ ಪ್ಲೇಗು ಬಂದಾಗ ಡಾ. ಹಾಫ್‌ಕಿನ್ ಎಂಬ ವಿಜ್ಞಾನಿ ಅದಕ್ಕೆ ಲಸಿಕೆ ಕಂಡುಹಿಡಿದು, 1897ರ ಜನವರಿಯಲ್ಲಿ ಮೊದಲು ತನ್ನ ಮೈಗೇ ಚುಚ್ಚಿಕೊಂಡರು. ಮರುವರ್ಷ ಹುಬ್ಬಳ್ಳಿಯಲ್ಲಿ ಪ್ಲೇಗು ಹರಡಿದಾಗ ಅಲ್ಲಿ ಸಾವಿರಾರು ಜನ ಅದನ್ನು ಹಾಕಿಸಿಕೊಂಡರು. ಮುಂದೆ 1902ರ ಅಕ್ಟೋಬರ್‌ನಲ್ಲಿ ಪಂಜಾಬಿನ ಮುಲ್ಕೋವಾಲ್ ಎಂಬ ಹಳ್ಳಿಯಲ್ಲಿ 107 ಜನರಿಗೆ ಸೂಜಿ ಹಾಕಿದರು. ಅವರಲ್ಲಿ 19 ಜನ ಧನುರ್ವಾಯುವಿನಿಂದ ಸತ್ತರು. ಎಲ್ಲ 19 ಜನರಿಗೂ ಸೂಜಿ ಹಾಕಿದ್ದು ಒಂದೇ ಬಾಟಲಿಯಿಂದ. ಉಳಿದ ಬಾಟಲಿಗಳಿಂದ ಹಾಕಿಸಿಕೊಂಡವರಿಗೆ ಏನೂ ಆಗಲಿಲ್ಲ. ಸರ್ಕಾರದ ವಿಚಾರಣಾ ಮಂಡಳಿ ಮುಂಬಯಿಯ ಪ್ರಯೋಗಶಾಲೆಯೇ ತಪ್ಪಿತಸ್ಥವೆಂದಿತು. ಹಾಫ್‌ಕಿನ್ ಕೆಲಸ ಕಳೆದುಕೊಂಡರು. ಆಮೇಲೆ ಕಾಗದಗಳನ್ನು ತಿರುವಿ ಹಾಕಿದಾಗ, ಬಾಟಲಿ ತೆರೆಯುವಾಗ ಸಹಾಯಕನ ಕೈಯಿಂದ ಚಿಮಟ ನೆಲಕ್ಕೆ ಬಿದ್ದಿತ್ತು, ಅದನ್ನು ಸರಿಯಾಗಿ ಶುದ್ಧ ಮಾಡದೆ ಮತ್ತೆ ಬಳಸಿದ್ದರು ಎಂಬುದು ಹೊರಬಿತ್ತು. ಮಲೇರಿಯಾದ ಮೂಲ ಕಂಡುಹಿಡಿದ ರೊನಾಲ್ಡ್ ರಾಸ್ ಮೊದಲಾದವರು ಹಾಫ್‌ಕಿನ್ ಪರವಾಗಿ ಪತ್ರಿಕೆಗೆ ಬರೆದರು. 1907ರಲ್ಲಿ ಅವರ ಮೇಲಿನ ಆರೋಪ ಕಳೆಯಿತು. ಮುಂಬಯಿ ಪರೇಲಿನಲ್ಲಿರುವ ಆ ಪ್ರಯೋಗಶಾಲೆಗೆ ಈಗ ಅವರದೇ ಹೆಸರಿದೆ.

ತೀರ ಇತ್ತೀಚಿನದೂ ಒಂದಿದೆ. 2021ರ ಜನವರಿ 31ರಂದು ಯವತಮಾಳ ಜಿಲ್ಲೆಯ ಒಂದು ಹಳ್ಳಿಯಲ್ಲಿ ಪೋಲಿಯೋ ಹನಿಯ ಬದಲು ಕೈಗೆ ಹಚ್ಚುವ ಸ್ಯಾನಿಟೈಸರ್ ಅನ್ನು 12 ಮಕ್ಕಳ ಬಾಯಿಗೆ ಹಾಕಿದರು. ಮಕ್ಕಳು ಉಳಿದರು ಎಂಬುದೇ ಸಮಾಧಾನ. ಇದರಲ್ಲಿ ಲಸಿಕೆ ಕಂಪನಿಯ ಪಾತ್ರ ಎಲ್ಲಿದೆ?

ನಮ್ಮಲ್ಲಿ ಹೆಚ್ಚಾಗಿ ನಡೆಯುವ ತಪ್ಪು ಥಂಡಿಯದು. ಸಾಮಾನ್ಯವಾಗಿ ಲಸಿಕೆ 2ರಿಂದ 8 ಡಿಗ್ರಿಯೊಳಗೆ ಇರಬೇಕು. ಮೇ ತಿಂಗಳ ಬಿಸಿಲಿನಲ್ಲಿ ಸೀಸೆಯನ್ನು ಅಂಗಿಯ ಕಿಸೆಯಲ್ಲಿಟ್ಟು ಬಸ್ಸಿನಲ್ಲಿ ತಂದರೆ ಒಳಗಿನ ಗುಣ ಹೋಗುತ್ತದೆ. ಕಾಲುಬಾಯಿ ಬೇನೆಯ ಲಸಿಕೆಯಂಥದ್ದು ಬರ್ಫದ ಪೆಟ್ಟಿಗೆಯಲ್ಲಿ ಗಡ್ಡೆ ಕಟ್ಟಿದರೂ ಕೆಟ್ಟಿತೇ. ಅಂಗಡಿಯವನು ಕರೆಂಟು ಹೋದಾಗ ಫ್ರಿಜ್ಜು ನೋಡಿಕೊಳ್ಳದಿದ್ದರೆ, ಸರಕನ್ನು ಕಾಳಜಿಯಿಂದ ಇಟ್ಟುಕೊಳ್ಳದ ಮಾರಾಟಗಾರನನ್ನೂ ಹಿಡಿಯಲು 86ನೆಯ ಕಲಮಿನಲ್ಲಿ ಅವಕಾಶವಿದೆ. ತಯಾರಕ ಯಾರೆಂದೇ ಗೊತ್ತಾಗದ ಸರಕು ಮಾರಿದವನಿಗೂ ಅದೇ ಹೊಣೆ. ಆದ್ದರಿಂದ ತಕರಾರು ಮಾಡುವಾಗ ಕಂಪನಿ, ಅಂಗಡಿ ಎರಡನ್ನೂ ಎದುರುದಾರರನ್ನಾಗಿ ಬರೆಯುವುದು ರೂಢಿ.

ಪುಕ್ಕಟೆ ಕೊಟ್ಟ ಲಸಿಕೆಯಾದರೆ?

ಇಲ್ಲಿಗೆ ಬಂದರೆ ದಾರಿ ಇಕ್ಕಟ್ಟಾಗುತ್ತದೆ. ಗ್ರಾಹಕ ಎಂದರೆ ಹಣ ಕೊಟ್ಟು ಕೊಂಡವನು. ನಮ್ಮ ಮಕ್ಕಳ ಲಸಿಕೆ, ದನಗಳ ಕಾಲುಬಾಯಿ ಬೇನೆಯ ಲಸಿಕೆ ಬಹುಪಾಲು ಸರ್ಕಾರ ಪುಕ್ಕಟೆ ಹಾಕುತ್ತದೆ. ಎಲ್ಲರಿಗೂ ಪುಕ್ಕಟೆ ಸೇವೆ ಕೊಡುವ ಸರ್ಕಾರಿ ದವಾಖಾನೆ ಗ್ರಾಹಕ ಕಾಯಿದೆಗೆ ಒಳಪಡುವುದಿಲ್ಲವೆಂದು 1995ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಅದು ದವಾಖಾನೆಯ ಮಾತಾಯಿತು. ಕಂಪನಿಯ ಮಾತು ಬೇರೆ, ಅದು ಸರ್ಕಾರದಿಂದ ಹಣ ಪಡೆದೇ ಲಸಿಕೆ ಕೊಟ್ಟಿದೆ. ಕೊಂಡವನ ಒಪ್ಪಿಗೆಯಿಂದ ಬಳಸುವವನೂ ಗ್ರಾಹಕನೇ ಎಂದು ಕಾಯಿದೆಯ ವ್ಯಾಖ್ಯೆಯಲ್ಲಿದೆ. ಸರ್ಕಾರ ಕೊಂಡಿತು, ಕೂಸು ಬಳಸಿತು ಎಂದು ವಕೀಲರು ವಾದಿಸಬಹುದು. ಅದಾಗದಿದ್ದರೆ ಸಿವಿಲ್ ಕೋರ್ಟಿನ ನಷ್ಟಭರ್ತಿಯ ದಾವೆ ಇದೆ. ಅದಕ್ಕೆ ಖರ್ಚು ಹೆಚ್ಚು, ವರ್ಷಗಳೂ ಹೆಚ್ಚು.

ಕೋವಿಡ್ ಲಸಿಕೆಯ ಸಂದರ್ಭದಲ್ಲಿ ಇದು ದೇಶದ ಮುಂದೆ ಬಂತು. 2021ರಲ್ಲಿ ಲಸಿಕೆಯ ನಂತರ ಮಕ್ಕಳನ್ನು ಕಳೆದುಕೊಂಡ ತಂದೆತಾಯಿಗಳು ಸುಪ್ರೀಂ ಕೋರ್ಟಿಗೆ ಹೋದಾಗ, 2022ರ ನವೆಂಬರ್‌ನಲ್ಲಿ ಕೇಂದ್ರ ಸರ್ಕಾರ ಪ್ರಮಾಣಪತ್ರ ಸಲ್ಲಿಸಿತು. ಲಸಿಕೆ ಮಾಡಿದವರು ಬೇರೆಯವರು, ಹಾಕಿಸಿಕೊಳ್ಳಬೇಕೆಂದು ಬಲವಂತವಿರಲಿಲ್ಲ, ಸರ್ಕಾರವನ್ನು ನೇರ ಹೊಣೆ ಮಾಡಲಾಗದು, ಬೇಕಾದವರು ಸಿವಿಲ್ ಕೋರ್ಟಿಗೆ ಹೋಗಬಹುದು ಎಂಬುದು ಅದರ ಸಾರ. ಕಾನೂನಿನ ದೃಷ್ಟಿಯಿಂದ ಅದಕ್ಕೆ ಆಧಾರವಿರಬಹುದು. ಆದರೆ ಊರೂರಿಗೆ ಬಂದು ಹಾಕಿಸಿಕೊಳ್ಳಿರಿ ಎಂದು ಕರೆದವರು, ಮಗಳು ಹೋದ ಮೇಲೆ ಕೋರ್ಟಿಗೆ ಹೋಗು ಎನ್ನುವುದು ನನ್ನ ಮನಸ್ಸಿಗೆ ಒಪ್ಪುವುದಿಲ್ಲ. ಊರಿನ ಎಲ್ಲರ ರಕ್ಷಣೆಗಾಗಿ ಲಕ್ಷದಲ್ಲಿ ಒಬ್ಬನು ಪೆಟ್ಟು ತಿಂದರೆ, ಆ ಒಬ್ಬನ ಭಾರವನ್ನು ಊರೆಲ್ಲ ಹಂಚಿಕೊಳ್ಳಬೇಡವೇ? ಬೇರೆ ದೇಶಗಳು ಇದನ್ನು ಮಾಡಿವೆ. ಇಂಗ್ಲೆಂಡಿನಲ್ಲಿ 1979ರಿಂದ ಇಂಥ ಕಾಯಿದೆ ಇದೆ, ತೀವ್ರವಾಗಿ ಅಂಗವಿಕಲರಾದವರಿಗೆ 1,20,000 ಪೌಂಡು ಒಂದೇ ಗಂಟಿನಲ್ಲಿ ಕೊಡುವಂತೆ ಅದು ಬೆಳೆದಿದೆ. ಅಮೇರಿಕದಲ್ಲಿ ಕಂಪನಿಗಳ ಮೇಲೆ ದಾವೆಗಳು ಹೆಚ್ಚಾಗಿ, ಲಸಿಕೆ ಮಾಡುವವರೇ ಇಲ್ಲದಂತಾದೀತೆಂಬ ಅಂಜಿಕೆ ಹುಟ್ಟಿತು. 1986ರಲ್ಲಿ ಕಾಯಿದೆ ಮಾಡಿ, ಲಸಿಕೆಯ ಪ್ರತಿ ಡೋಸಿನ ಮೇಲೆ ತಡೆಯುವ ಪ್ರತಿ ರೋಗಕ್ಕೆ 75 ಸೆಂಟ್ ತೆರಿಗೆ ಹಾಕಿ, ಆ ಗಂಟಿನಿಂದ ಪರಿಹಾರ ಕೊಡುವ ಏರ್ಪಾಡು ಮಾಡಿದರು. ತಪ್ಪು ಯಾರದೆಂದು ಅಲ್ಲಿ ಕೇಳುವುದಿಲ್ಲ, ಲಸಿಕೆಯಿಂದ ಆಯಿತೇ ಎಂಬುದನ್ನಷ್ಟೇ ನೋಡುತ್ತಾರೆ.

ನಮ್ಮಲ್ಲಿ ಇನ್ನೊಂದು ಕಾಯಿದೆಯೂ ಕೈಗೆ ಬರುತ್ತದೆ, 1940ರ ಔಷಧ ಕಾಯಿದೆ. ಮನುಷ್ಯರ ಔಷಧದಂತೆ ಪಶುಗಳ ಔಷಧವೂ ಅದರೊಳಗೆ ಬರುತ್ತದೆ. ತಾನು ಕೊಂಡ ಔಷಧವನ್ನು ಶುಲ್ಕ ಕಟ್ಟಿ ಸರ್ಕಾರಿ ಪರೀಕ್ಷಕನಿಂದ ಪರೀಕ್ಷೆ ಮಾಡಿಸುವ ಹಕ್ಕು ಯಾವ ಸಾಮಾನ್ಯನಿಗೂ ಇದೆ, ಅದು 26ನೆಯ ಕಲಮು. ನಕಲಿ ಅಥವಾ ಕಲಬೆರಕೆಯ ಔಷಧದಿಂದ ಮನುಷ್ಯ ಸತ್ತರೆ ಅಥವಾ ಭಾರೀ ಗಾಯವಾದರೆ ಕನಿಷ್ಠ ಹತ್ತು ವರ್ಷ ಸಜೆ, ಕನಿಷ್ಠ ಹತ್ತು ಲಕ್ಷ ದಂಡ. ಆ ದಂಡದ ಹಣ ನೊಂದವನಿಗೆ ಅಥವಾ ಅವನ ವಾರಸುದಾರರಿಗೆ ಸೇರಬೇಕೆಂದು 27ನೆಯ ಕಲಮು ಹೇಳುತ್ತದೆ.

ರೈತನ ಕೈಯಲ್ಲಿರುವ ಸಾಕ್ಷಿ

ಬಿತ್ತನೆ ಬೀಜದ ಒಂದು ತೀರ್ಪು ಇಲ್ಲಿ ಉಪಯೋಗಕ್ಕೆ ಬರುತ್ತದೆ. ಮೊಳೆಯದ ಬೀಜಕ್ಕಾಗಿ ಆಂಧ್ರದ ರೈತರು ರಾಷ್ಟ್ರೀಯ ಬೀಜ ನಿಗಮದ ವಿರುದ್ಧ ಹೋದಾಗ, ನಿಗಮದವರು "ಬೀಜವನ್ನು ಪ್ರಯೋಗಶಾಲೆಯಲ್ಲಿ ಪರೀಕ್ಷಿಸಿಲ್ಲ" ಎಂದು ವಾದ ಹೂಡಿದರು. 2012ರಲ್ಲಿ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ. ಮುಂದೆ ಕೇಸು ಮಾಡಬೇಕಾದೀತೆಂದು ಯಾವ ರೈತನೂ ಬೀಜ ತೆಗೆದಿಡುವುದಿಲ್ಲ, ತಂದದ್ದನ್ನೆಲ್ಲ ಬಿತ್ತುತ್ತಾನೆ ಎಂದಿತು. ರೈತನೂ ಗ್ರಾಹಕನೇ ಎಂಬುದು ಆ ತೀರ್ಪಿನಿಂದ ಗಟ್ಟಿಯಾಯಿತು. ಹೊಟ್ಟೆಪಾಡಿಗಾಗಿ ನಾಲ್ಕು ಎಮ್ಮೆ ಕಟ್ಟಿದವನನ್ನು ವ್ಯಾಪಾರಿ ಎಂದು ಹೊರಗೆ ಹಾಕುವಂತಿಲ್ಲ. ಆದರೂ ಬೀಜಕ್ಕೆ ಹೊಲವೇ ಸಾಕ್ಷಿ ಹೇಳುತ್ತದೆ, ಸತ್ತು ಮಣ್ಣಾದ ಎಮ್ಮೆ ಹೇಳುವುದಿಲ್ಲ.

ಆದುದರಿಂದ ಲಸಿಕೆ ಹಾಕಿಸಿದ ದಿನವೇ ಸೀಸೆಯ ಮೇಲಿನ ಕಂಪನಿಯ ಹೆಸರು, ಬ್ಯಾಚ್ ನಂಬರು, ಅವಧಿ ಮುಗಿಯುವ ತಾರೀಖು ಬರೆದಿಟ್ಟುಕೊಳ್ಳಿರಿ. ಮನೆಯಲ್ಲಿ ಮೊಬೈಲ್ ಇದ್ದರೆ ಒಂದು ಫೋಟೋ ಸಾಕು. ಅಂಗಡಿಯಿಂದ ತಂದದ್ದಾದರೆ ಬ್ಯಾಚ್ ನಂಬರು ಬರೆದ ಪಕ್ಕಾ ಬಿಲ್ಲು ಕೇಳಿರಿ, ಬಿಲ್ಲು ಬೇಡವೆಂದರೆ ಕಡಿಮೆ ಮಾಡುತ್ತೇನೆ ಎನ್ನುವವನ ಹತ್ತಿರ ಕೊಳ್ಳಲೇಬೇಡಿರಿ. ಸರ್ಕಾರದ ಅಭಿಯಾನದಲ್ಲಿ ದನದ ಕಿವಿಗೆ 12 ಅಂಕಿಯ ಹಳದಿ ಬಿಲ್ಲೆ ಹಾಕುತ್ತಾರೆ, ಲಸಿಕೆಯ ದಾಖಲೆ ಆ ಅಂಕಿಯ ಮೇಲೇ ಇರುತ್ತದೆ. ದನ ಸತ್ತರೂ ಬಿಲ್ಲೆಯನ್ನು ಜೋಪಾನ ಮಾಡಿರಿ. ಸೂಜಿಯ ನಂತರ ತೊಂದರೆ ಕಂಡರೆ ಉಳಿದ ಔಷಧವಿರುವ ಸೀಸೆಯನ್ನು ಹಾಗೇ ಮುಚ್ಚಿ, ಡಾಕ್ಟರರ ಮುಖಾಂತರ ಫ್ರಿಜ್ಜಿನಲ್ಲಿ ಇಡಿಸಿರಿ.

ದನ ಸತ್ತರೆ ಹೂಳುವ ಮೊದಲು ಪಶುವೈದ್ಯರನ್ನು ಕರೆದು ಶವ ಪರೀಕ್ಷೆ ಮಾಡಿಸಬೇಕು, ಪಂಚನಾಮೆ ಬರೆಸಬೇಕು. ಬೇಸಿಗೆಯಲ್ಲಿ ಆರೆಂಟು ತಾಸು ಕಳೆದರೆ ಒಳಗಿನ ಅಂಗಾಂಗ ಕೊಳೆತು ಏನೂ ತಿಳಿಯುವುದಿಲ್ಲ. ದೇವಣಿ ತಳಿಯ ಸೀಮೆಯಾದ ನಮ್ಮ ಉದಗೀರದಲ್ಲೇ ಪಶುವೈದ್ಯ ಕಾಲೇಜು ಇದೆ, ಈ ವಿದ್ಯೆಯನ್ನು ಕಲಿಸುವವರು ಅಲ್ಲಿದ್ದಾರೆ. ಅದೇ ದಿನ ಅದೇ ಸೀಸೆಯಿಂದ ಊರಿನ ಬೇರೆ ಯಾರ ದನಕ್ಕೆ ಹಾಕಿದರು, ಅವು ಹೇಗಿವೆ ಎಂದು ವಿಚಾರಿಸಿ ಬರೆದಿಡಿರಿ. ಮುಲ್ಕೋವಾಲಿನ ಸತ್ಯ ಹೊರಬಿದ್ದದ್ದು ಇಂಥ ಲೆಕ್ಕದಿಂದಲೇ. "ಹೋಗಲಿ ಬಿಡ್ರಿ, ದೇವರ ಇಚ್ಛೆ" ಎಂದು ರಾತ್ರೋರಾತ್ರಿ ಹೂಳುವವರಿಗೆ ನಾನು ಹೇಳುವುದಿಷ್ಟೇ, ಕಾರಖಾನೆಯವರ ತಪ್ಪಿದ್ದರೆ ಅದನ್ನು ದೇವರ ಲೆಕ್ಕಕ್ಕೆ ಬರೆಯಬಾರದು.

ಕೂಸಿಗೆ ಲಸಿಕೆಯ ನಂತರ ಫಿಟ್ಸ್, ಉಸಿರಾಟದ ತೊಂದರೆ, ಬಿಡದ ಅಳು, ಕೈಕಾಲು ಆಡಿಸದಿರುವುದು ಕಂಡರೆ ಮೊದಲು ದವಾಖಾನೆಗೆ ಒಯ್ಯಿರಿ, ಲಸಿಕೆಯ ಕಾರ್ಡು ಜೊತೆಗಿರಲಿ. ಇಂಥ ಗಂಭೀರ ಪ್ರಕರಣವನ್ನು ಪ್ರಾಥಮಿಕ ಆರೋಗ್ಯ ಕೇಂದ್ರದ ಡಾಕ್ಟರರು ಜಿಲ್ಲೆಗೆ ಕೂಡಲೇ ವರದಿ ಮಾಡಬೇಕು. ಲಸಿಕೆಯ ಗುಣದಿಂದ ಆಯಿತೋ, ತಯಾರಿಕೆಯ ದೋಷದಿಂದಲೋ, ಹಾಕುವವರ ತಪ್ಪಿನಿಂದಲೋ, ಅಂಜಿಕೆಯಿಂದಲೋ, ಅದೇ ಹೊತ್ತಿಗೆ ಬಂದ ಬೇರೆ ರೋಗವೋ ಎಂದು ಸಮಿತಿಯವರು ವಿಂಗಡಿಸುತ್ತಾರೆ. ವರದಿ ಕಳಿಸಿದರೇ ಎಂದು ಕೇಳಿ ತಿಳಿದುಕೊಳ್ಳಿರಿ. 1800-180-3024 ಎಂಬ ಪುಕ್ಕಟೆ ಫೋನಿಗೆ ನೀವೂ ತಿಳಿಸಬಹುದು. ಆಸ್ಪತ್ರೆಯ ಎಲ್ಲ ಕಾಗದಗಳ ನಕಲು ತೆಗೆದುಕೊಳ್ಳಿರಿ.

ದನದ ವಿಷಯದಲ್ಲಿ ಒಂದು ಮಿತಿ ಗೊತ್ತಿರಲಿ. ಲಸಿಕೆಯ ದೋಷದಿಂದ ದನ ಸತ್ತರೆ ಅದು ಆಸ್ತಿಗೆ ಆದ ಹಾನಿ, ಹೊಣೆಯ ಅಧ್ಯಾಯದೊಳಗೆ ಬರುತ್ತದೆ. ಹಾಲಿನ ವ್ಯಾಪಾರ ಹಾಳಾಯಿತು ಎಂಬ ನಷ್ಟವನ್ನು ಆ ಅಧ್ಯಾಯ ಎಣಿಸುವುದಿಲ್ಲ. ಲಸಿಕೆ ಹಾಕಿಸಿಯೂ ರೋಗ ಬಂತು, ಲಸಿಕೆ ಹಿಡಿಯಲಿಲ್ಲ ಎಂಬುದಾದರೆ ದೋಷದ ಸರಕಿನ ಸಾಮಾನ್ಯ ತಕರಾರಿನ ದಾರಿ ಇದೆ, ಆದರೆ ಅದೇ ಬ್ಯಾಚಿನ ಪರೀಕ್ಷಾ ವರದಿ ಇಲ್ಲದೆ ಅದು ನಿಲ್ಲುವುದು ಕಷ್ಟ.

ತಕರಾರನ್ನು ಹಾನಿಯಾದ ದಿನದಿಂದ ಎರಡು ವರ್ಷದೊಳಗೆ ಕೊಡಬೇಕು. ಉಮರ್ಗಾದವರು ಧಾರಾಶಿವದ, ನಿಲಂಗಾ ಮತ್ತು ಉದಗೀರದವರು ಲಾತೂರಿನ ಜಿಲ್ಲಾ ಗ್ರಾಹಕ ಆಯೋಗಕ್ಕೆ ಹೋಗಬೇಕು. ಕೊಂಡ ವಸ್ತುವಿನ ಬೆಲೆ ಐದು ಲಕ್ಷದೊಳಗಿದ್ದರೆ ಶುಲ್ಕವಿಲ್ಲ, ಲಸಿಕೆಯ ಬೆಲೆ ಅದರ ಹತ್ತಿರಕ್ಕೂ ಬರುವುದಿಲ್ಲ. ವಕೀಲರು ಇರಲೇಬೇಕೆಂದಿಲ್ಲ. 1915ಕ್ಕೆ ಫೋನು ಮಾಡಿದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿಯವರು ದಾರಿ ಹೇಳುತ್ತಾರೆ. ಹೊಸ ಕಾಯಿದೆಯಿಂದ ಗಡಿಯ ನಮ್ಮವರಿಗೆ ಇನ್ನೊಂದು ಅನುಕೂಲವಾಗಿದೆ. ನಮ್ಮಲ್ಲಿ ಎಷ್ಟೋ ಜನ ದನದ ಔಷಧವನ್ನು ಭಾಲ್ಕಿಯಿಂದಲೋ ಬೀದರದಿಂದಲೋ ತರುತ್ತಾರೆ, ಕಂಪನಿ ಇನ್ನೆಲ್ಲೋ ಇರುತ್ತದೆ. ಈಗ ಅಲ್ಲಿಗೆಲ್ಲ ಅಲೆಯಬೇಕಾಗಿಲ್ಲ, ತಾನು ವಾಸವಿರುವ ಜಿಲ್ಲೆಯಲ್ಲೇ ತಕರಾರು ಕೊಡಬಹುದು. ಬಿಲ್ಲು ಕನ್ನಡದಲ್ಲಿದ್ದರೆ ಅದರ ಮರಾಠಿ ಅನುವಾದದ ಒಂದು ಹಾಳೆಯನ್ನು ಜೊತೆಗೆ ಲಗತ್ತಿಸಿರಿ.